ಆಕ್ಸಿಡೆಂಟ್ ಕೇಸಲ್ಲಿ ‘ವಿಮಾ ಕಂಪನಿ ಅಪೀಲು ಹಾಕಿದೆ’ ಅಂದ್ರೆ ಸುಮ್ನೆ ನಂಬಬೇಡಿ

ಮಂಡ್ಯ ಕಡೆಯವರು ಇದನ್ನು ಪೂರ್ತಿ ಓದಿ. 2018ರಲ್ಲಿ ಮದ್ದೂರಿನ ಹತ್ತಿರ ಲಾರಿ ಗುದ್ದಿ ನಮ್ಮ ಭಾವ ತೀರಿಕೊಂಡರು. 38 ವರ್ಷ. ಆಲೆಮನೆ ಕೆಲಸ, ಕೂಲಿಗೆಲ್ಲ ಯಾರು ಚೀಟಿ ಬರೆದುಕೊಡ್ತಾರೆ? ದಾಖಲೆ ಇಲ್ಲ ಅಂತ, ಅಪಘಾತದ ಪರಿಹಾರ ತೀರ್ಮಾನಿಸುವ ನ್ಯಾಯಮಂಡಳಿ ತಿಂಗಳ ಆದಾಯವನ್ನು 9,000 ರೂಪಾಯಿ ಅಂತ ಹಿಡಿದು ತೀರ್ಪು ಕೊಟ್ಟಿತು.

ಅಸಲು ಕಥೆ ಶುರುವಾಗಿದ್ದು ಆಮೇಲೆ. ಭಾವ ಆಸ್ಪತ್ರೆಯಲ್ಲಿದ್ದಾಗಲೇ ಬಂದು ಗಂಟುಬಿದ್ದಿದ್ದ ಒಬ್ಬ ಮಧ್ಯವರ್ತಿ ಅಕ್ಕನ ಮನೆಗೆ ಬಂದು, "ಅಕ್ಕಾ, ಕಂಪ್ನಿಯೋರು ಹೈಕೋರ್ಟ್‌ಗೆ ಹೋಗವ್ರೆ, ಬೆಂಗಳೂರು ಖರ್ಚಿಗೆ ದುಡ್ಡು ಬೇಕು" ಅಂದ. ಖಾಲಿ ಹಾಳೆಗಳಿಗೂ ಸಹಿ ಹಾಕಿಸಿಕೊಂಡ. ಹಣ ಕೊಡುತ್ತಾ ಹೋದರು ಪಾಪ. ಕೊನೆಗೆ ನಮ್ಮ ಅಣ್ಣನ ಮಗ ಇ-ಕೋರ್ಟ್ಸ್ ಆ್ಯಪಲ್ಲೂ ಹೈಕೋರ್ಟ್ ವೆಬ್‌ಸೈಟಲ್ಲೂ ಅಕ್ಕನ ಹೆಸರು ಹಾಕಿ ಹುಡುಕಿದ. ಕಂಪನಿಯ ಅಪೀಲೇ ಇಲ್ಲ! ವಿಚಾರಿಸಿದರೆ ಅವರು ಹಣವನ್ನು ನ್ಯಾಯಮಂಡಳಿಯಲ್ಲಿ ಕಟ್ಟಿ ಕೈತೊಳೆದುಕೊಂಡಿದ್ದರು.

ಅದಕ್ಕಿಂತ ಹೊಟ್ಟೆ ಉರಿಯೋದು ಇದು: ಅಪೀಲು ಹಾಕಬೇಕಿದ್ದವರು ನಾವು. ದಾಖಲೆ ಇಲ್ಲದವರ ಆದಾಯಕ್ಕೆ ಕರ್ನಾಟಕ ರಾಜ್ಯ ಕಾನೂನು ಸೇವೆಗಳ ಪ್ರಾಧಿಕಾರದ ಒಂದು ಪಟ್ಟಿ ಇದೆ, ಹೈಕೋರ್ಟ್ ಎಷ್ಟೋ ಕೇಸಲ್ಲಿ ಅದನ್ನೇ ನೋಡುತ್ತೆ. 2018ರ ಅಪಘಾತಕ್ಕೆ ಅದರಲ್ಲಿ ತಿಂಗಳಿಗೆ 12,500. ಅದಕ್ಕೆ 40 ವರ್ಷದೊಳಗಿನವರು, ಮುಂದೆ ಆದಾಯ ಹೆಚ್ಚುತ್ತಿತ್ತು ಅಂತ ಶೇ 40 ಸೇರಿಸಿ, ಮನೆಯಲ್ಲಿ ಅವರನ್ನು ನಂಬಿದ್ದವರು ನಾಲ್ಕು ಜನ ಅಂತ ಭಾವನ ಸ್ವಂತ ಖರ್ಚಿನ ಲೆಕ್ಕಕ್ಕೆ ಕಾಲು ಭಾಗ ಕಳೆದು, ವರ್ಷದ ಲೆಕ್ಕವನ್ನು ಅವರ ವಯಸ್ಸಿಗೆ ನಿಗದಿಯಾದ 15ರಿಂದ ಗುಣಿಸಿದರೆ 23,62,500. ನ್ಯಾಯಮಂಡಳಿಯ 9,000ದ ಲೆಕ್ಕದಲ್ಲಿ 17,01,000. ಆರೂವರೆ ಲಕ್ಷಕ್ಕೂ ಜಾಸ್ತಿ ವ್ಯತ್ಯಾಸ ಅಲ್ವಾ? ಅಪೀಲಿಗೆ ಇರೋದು ತೀರ್ಪಿನ ದಿನದಿಂದ 90 ದಿನ. ಆ ಮಧ್ಯವರ್ತಿ ಇಲ್ಲದ ಅಪೀಲಿನ ಕಥೆ ಹೇಳುತ್ತಾ ಆ 90 ದಿನವನ್ನೂ ನುಂಗಿಹಾಕಿದ.

ಬೇರೆ ವಕೀಲರನ್ನು ಹಿಡಿದೆವು. ತಡವನ್ನು ಮನ್ನಿಸಿ ಅಂತ ಅರ್ಜಿ ಹಾಕಿದ್ದಕ್ಕೆ ಹೈಕೋರ್ಟ್ ಒಪ್ಪಿತು, ಪರಿಹಾರವನ್ನೂ ಹೆಚ್ಚಿಸಿತು. ಆದರೆ ಹೆಚ್ಚಾದ ಮೊತ್ತಕ್ಕೆ ತಡವಾದಷ್ಟು ದಿನದ ಬಡ್ಡಿ ಇಲ್ಲ. ಅವನಿಗೆ ಕೊಟ್ಟ ದುಡ್ಡಂತೂ ನೀರಲ್ಲಿ ಹೋಮ.

ಕಂಪನಿ ನಿಜವಾಗಿ ಅಪೀಲು ಹಾಕಿದರೆ ಅದಕ್ಕೊಂದು ಎಂ.ಎಫ್.ಎ. ನಂಬರ್ (ಹೈಕೋರ್ಟ್‌ನ ಅಪೀಲು ನಂಬರ್) ಇರುತ್ತೆ, ನಿಮಗೆ ನೋಟಿಸೂ ಬರುತ್ತೆ. ನಂಬರ್ ಹೇಳು ಅಂತ ಕೇಳಿ, ತಡವರಿಸಿದರೆ ಅಲ್ಲೇ ಗೊತ್ತಾಗುತ್ತೆ. ತೀರ್ಪಿನ ದೃಢೀಕೃತ ನಕಲಿಗೆ ಬೇಗ ಅರ್ಜಿ ಹಾಕಿ, ನಿಮ್ಮ ಕೈಯಲ್ಲೇ ಇಟ್ಟುಕೊಳ್ಳಿ. ಲೋಕ ಅದಾಲತ್‌ನಲ್ಲಿ ರಾಜಿ ಮಾಡಿಸ್ತೀನಿ ಅಂತ ಯಾರಾದರೂ ಅವಸರ ಮಾಡಿದರೆ ಇನ್ನೂ ಹುಷಾರು, ಅಲ್ಲಿ ಒಪ್ಪಿ ಸಹಿ ಹಾಕಿದ ಮೇಲೆ ಅಪೀಲು ಇಲ್ಲ.

ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇದ್ದರೂ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದಲ್ಲಿ ಉಚಿತವಾಗಿ ವಕೀಲರು ಸಿಗುತ್ತಾರೆ, ಸಹಾಯವಾಣಿ 15100. ಇದನ್ನು ಅಕ್ಕನಿಗೆ ಆಸ್ಪತ್ರೆಯಲ್ಲಿ ಒಬ್ಬರೂ ಹೇಳಲಿಲ್ಲ. ಬಂದ ಪರಿಹಾರದಲ್ಲಿ ಇಷ್ಟು ಪರ್ಸೆಂಟ್ ಕೊಡಿ ಅಂತ ವಕೀಲರೇ ಕೇಳುವ ಹಾಗಿಲ್ಲ, ಇನ್ನು ಈ ಮಧ್ಯವರ್ತಿಗಳಿಗೆ ಯಾಕೆ ಕೊಡಬೇಕು?