ಮೇ ತಿಂಗಳ ಬಿಸಿಲಲ್ಲಿ ಶ್ರೀರಂಗಪಟ್ಟಣದ ಪತನ: ಒಂದು ನಡಿಗೆ ಪ್ರವಾಸದ ವಿಮರ್ಶೆ

ಮೈಸೂರಿನಿಂದ ಟ್ಯಾಕ್ಸಿ ಮಾಡಿಕೊಂಡು ಶ್ರೀರಂಗಪಟ್ಟಣಕ್ಕೆ ಹೋದವರಿಗೆ ಚಾಲಕರು ತೋರಿಸುವ ಕ್ರಮ ಹೆಚ್ಚುಕಡಿಮೆ ಒಂದೇ. ರಂಗನಾಥಸ್ವಾಮಿ ದೇವಸ್ಥಾನ, ಟಿಪ್ಪುವಿನ ಬೇಸಿಗೆ ಅರಮನೆ ದರಿಯಾ ದೌಲತ್, ಅವನ ಸಮಾಧಿ ಇರುವ ಗುಂಬಜ್, ಸಂಗಮ, ಹೊತ್ತು ಉಳಿದರೆ ನಿಮಿಷಾಂಬ. ಟಿಪ್ಪು ಮಡಿದ ಜಾಗವನ್ನು ಕಾರಿನ ಕಿಟಕಿಯಿಂದಲೇ ತೋರಿಸಿ ಮುಂದೆ ಸಾಗುವವರೂ ಉಂಟು. ಯಾವುದು ಮೊದಲು ಆಯಿತು, ಯಾವುದು ಆಮೇಲೆ, ಯಾಕೆ ಆಯಿತು ಎಂಬುದು ಮಾತ್ರ ತಲೆಗೆ ಹತ್ತುವುದಿಲ್ಲ. ಇದಕ್ಕೆ ಬೇಸತ್ತು ನಾನು ಸ್ಥಳೀಯ ಯುವಕರ ಒಂದು ತಂಡ ನಡೆಸುವ ನಡಿಗೆ ಪ್ರವಾಸಕ್ಕೆ ಹೆಸರು ಬರೆಸಿದೆ. ತಂಡದ ಹೆಸರನ್ನು ಇಲ್ಲಿ ಹೇಳುವುದಿಲ್ಲ. ಮುಂದೆ ಒಂದೆರಡು ಕಡೆ ಬೈದಿದ್ದೇನೆ, ಹುಡುಗರು ಇನ್ನೂ ಹೊಸಬರು.

ಅವರ ಯೋಜನೆ ಸರಳವಾಗಿದೆ. 1799ರ ಮೇ 4ರ ಮಧ್ಯಾಹ್ನ, ಟಿಪ್ಪು ಸುಲ್ತಾನ ಆಳುತ್ತಿದ್ದ ಮೈಸೂರು ರಾಜ್ಯದ ರಾಜಧಾನಿಯಾಗಿದ್ದ ಈ ಊರು ಬ್ರಿಟಿಷರ ದಾಳಿಗೆ ಬಿತ್ತು. ಅದು ಬಿದ್ದ ಕ್ರಮದಲ್ಲೇ, ಬಿದ್ದ ಜಾಗಗಳಲ್ಲೇ ನಮ್ಮನ್ನು ನಡೆಸುತ್ತಾರೆ. ಉಳಿದ ತಿಂಗಳುಗಳಲ್ಲಿ ಬೆಳಿಗ್ಗೆ ಏಳಕ್ಕೆ ಹೊರಡುವ ಈ ನಡಿಗೆ, ಮೇ ಮೊದಲ ವಾರದಲ್ಲಿ ಮಾತ್ರ ಮಧ್ಯಾಹ್ನ ಒಂದು ಗಂಟೆಗೆ ಹೊರಡುತ್ತದೆ. ಇದು ಕ್ರೌರ್ಯ ಎಂದೇ ಮೊದಲು ನನಗೆ ಅನ್ನಿಸಿದ್ದು. ಕೊಡೆ, ಹತ್ತಿ ಸೀರೆ, ಕ್ಯಾನ್ವಾಸ್ ಬೂಟು, ಎರಡು ಬಾಟಲಿ ನೀರು ಎಲ್ಲ ಇದ್ದೂ ಕೋಟೆಯ ಕಲ್ಲಿನ ಝಳ ಮುಖಕ್ಕೆ ರಾಚುತ್ತಿತ್ತು. ಆದರೆ ದಾಳಿಯ ನಾಯಕ ಡೇವಿಡ್ ಬೇರ್ಡ್ ಆ ಹೊತ್ತನ್ನು ಆರಿಸಿಕೊಂಡದ್ದು ಈ ಝಳವನ್ನು ನಂಬಿಯೇ. ಕಾವಲಿನವರು ಊಟಕ್ಕೋ ನೆರಳಿಗೋ ಹೋಗಿರುತ್ತಾರೆ, ಗೋಡೆಯ ಮೇಲೆ ಜನ ಕಡಿಮೆ ಇರುತ್ತಾರೆ ಎಂಬ ಲೆಕ್ಕ. ಅರ್ಧ ಗಂಟೆ ಆ ಬಿಸಿಲಲ್ಲಿ ನಿಂತರೆ ಲೆಕ್ಕ ಎಷ್ಟು ಸರಿ ಎಂಬುದು ಮೈಗೇ ತಿಳಿಯುತ್ತದೆ.

ಮೊದಲ ನಿಲುಗಡೆ ಕೋಟೆಯ ವಾಯವ್ಯ ಮೂಲೆ, ಫಿರಂಗಿಗಳು ಗೋಡೆ ಒಡೆದ ಜಾಗ. ಮೈಸೂರು ಸರ್ಕಾರ 1907ರಲ್ಲಿ ನಿಲ್ಲಿಸಿದ ಸ್ಮಾರಕ ಸ್ತಂಭವೊಂದು ಅಲ್ಲಿದೆ. ಟ್ಯಾಕ್ಸಿಯವರು ಇಲ್ಲಿಗೆ ಬರುವುದೇ ಇಲ್ಲ, ಈ ಪ್ರವಾಸದ ಅತ್ಯುತ್ತಮ ಭಾಗವೂ ಇದೇ. ಎದುರಿಗೆ ಕಾವೇರಿಯ ಪಾತ್ರ, ಬಂಡೆ, ಪೊದೆ, ಅಲ್ಲಲ್ಲಿ ನಿಂತ ನೀರು, ಆಚೆ ದಡದಲ್ಲಿ ಹಸಿರು. ಆ ದಡದ ಕಂದಕಗಳಿಂದ ಎದ್ದ ನಾಲ್ಕು ಸಾವಿರಕ್ಕೂ ಹೆಚ್ಚು ಜನ ಈ ಬಂಡೆಗಳ ಮೇಲೆ ಓಡಿಬಂದರು. ಗೋಡೆಯ ಬಿರುಕಿನ ಮೇಲೆ ಬಾವುಟ ಏರಿದ್ದು ಕೆಲವೇ ನಿಮಿಷಗಳಲ್ಲಿ. ಇದನ್ನು ಓದಿದಾಗ ನಂಬಲು ಕಷ್ಟ, ಅಲ್ಲಿ ನಿಂತು ನೋಡಿದಾಗ ಅಲ್ಲ. ಹೊಳೆ ಅಷ್ಟು ಕಿರಿದು, ನೀರು ಅಷ್ಟು ಕಡಿಮೆ.

ಗಂಜಾಂ ಕಡೆಯ ನಮ್ಮ ಮಾರ್ಗದರ್ಶಿ ಹುಡುಗ, ಒಳ್ಳೆಯ ಕಂಠ, ಒಳ್ಳೆಯ ಕನ್ನಡ. ಬಂಡೆಗಳತ್ತ ಕೈ ತೋರಿಸಿ "ಅಂದೂ ಹೊಳೆ ಹೀಗೇ ಇತ್ತು" ಎಂದ. ಇಲ್ಲಿ ನಾನು ಬಾಯಿ ಹಾಕಲೇಬೇಕಾಯಿತು. ನೀರಾವರಿ ಕಾಮಗಾರಿಗಳಲ್ಲಿ ದುಡಿದು ನಿವೃತ್ತಳಾದ ಎಂಜಿನಿಯರ್ ನಾನು, ಹೊಳೆಯ ವಿಷಯದಲ್ಲಿ ಸುಮ್ಮನಿರುವುದು ನನಗೆ ಬಾರದು. ಇವತ್ತು ಇಲ್ಲಿ ಎಷ್ಟು ನೀರು ಹರಿಯಬೇಕು ಎಂಬುದು ಮೇಲುಗಡೆ ಕನ್ನಂಬಾಡಿಯ ಕೃಷ್ಣರಾಜಸಾಗರ ಅಣೆಕಟ್ಟೆಯಲ್ಲಿ ತೀರ್ಮಾನವಾಗುತ್ತದೆ. 1799ರಲ್ಲಿ ಕಾಲುವೆಗೆ ನೀರು ತಿರುಗಿಸುವ ಒಡ್ಡುಗಳಿದ್ದವೇ ಹೊರತು ಹೊಳೆಯನ್ನು ಹಿಡಿದಿಡುವ ಅಣೆಕಟ್ಟೆ ಇರಲಿಲ್ಲ. ಬೇಸಿಗೆಯಲ್ಲಿ ತಾನಾಗಿ ಇಳಿದು, ಕೊಡಗಿನಲ್ಲಿ ಮಳೆ ಹಿಡಿದ ಮೇಲೆ ತಾನಾಗಿ ಏರುವ ಹೊಳೆ ಅದು. ಏರಿದ ಮೇಲೆ ಈ ದ್ವೀಪಕ್ಕೆ ಯಾವ ಸೈನ್ಯವೂ ಕಾಲಿಡಲಾರದು. ಅಂದಮೇಲೆ ಈ ಕೋಟೆಯ ನಿಜವಾದ ಕಂದಕ ಕಾವೇರಿ, ಅದು ವರ್ಷದಲ್ಲಿ ಕೆಲವು ತಿಂಗಳು ಮಾತ್ರ ಕೆಲಸ ಮಾಡುತ್ತದೆ. (ಕನ್ನಂಬಾಡಿಯಲ್ಲಿ ಅಣೆ ಕಟ್ಟುವ ಯೋಚನೆ ಟಿಪ್ಪುವಿಗೂ ಇತ್ತು. ಅದನ್ನು ಹೇಳುವ 1794ರ ಪರ್ಷಿಯನ್ ಶಾಸನವೊಂದನ್ನು ಇಂದಿಗೂ ಕೃಷ್ಣರಾಜಸಾಗರದಲ್ಲಿ ನೋಡಬಹುದು.)

ಇದು ನನ್ನ ಊಹೆಯಲ್ಲ. 1791ರ ಮೇ ತಿಂಗಳಲ್ಲಿ ಆಗಿನ ಬ್ರಿಟಿಷ್ ಗವರ್ನರ್ ಜನರಲ್ ಕಾರ್ನ್‌ವಾಲಿಸ್ ಇದೇ ಶ್ರೀರಂಗಪಟ್ಟಣದ ಬಾಗಿಲಿಗೆ ಬಂದು, ಕಾದಾಡಿ ಗೆದ್ದರೂ, ಮಳೆಗೂ ಹಸಿವಿಗೂ ಸೋತು, ತನ್ನ ಭಾರೀ ಫಿರಂಗಿಗಳನ್ನು ತಾನೇ ಹಾಳುಗೆಡವಿ ಬೆಂಗಳೂರಿಗೆ ಹಿಂದಿರುಗಿದ. ಮರುವರ್ಷ ಫೆಬ್ರವರಿಯಲ್ಲಿ ಬಂದ, ಅರ್ಧ ರಾಜ್ಯವನ್ನೂ ಮೂರು ಕೋಟಿ ಮೂವತ್ತು ಲಕ್ಷ ರೂಪಾಯಿಯನ್ನೂ ಒತ್ತೆಗೆ ಟಿಪ್ಪುವಿನ ಇಬ್ಬರು ಮಕ್ಕಳನ್ನೂ ತೆಗೆದುಕೊಂಡು ಹೋದ. ಈ ಪಾಠವನ್ನು 1799ರ ಬ್ರಿಟಿಷ್ ಸೈನ್ಯದ ಮುಖ್ಯಸ್ಥ ಜನರಲ್ ಹ್ಯಾರಿಸ್ ಮರೆತಿರಲಿಲ್ಲ. 1799ರ ಫೆಬ್ರವರಿಯಲ್ಲಿ ವೆಲ್ಲೂರಿನಿಂದ ಹೊರಟು, ಮಾರ್ಚ್ 27ರಂದು ಮಳವಳ್ಳಿಯಲ್ಲಿ ಕಾದಾಡಿ, ಏಪ್ರಿಲ್ ಮೊದಲ ವಾರಕ್ಕೆ ಇಲ್ಲಿ ಡೇರೆ ಹಾಕಿದ. ಆದರೂ ಏಪ್ರಿಲ್ ಮಧ್ಯದಲ್ಲಿ ಅಕ್ಕಿ ಅಳೆದು ನೋಡಿದಾಗ, ಅರ್ಧ ಪಡಿ ಹಂಚಿದರೂ ಮೂರು ವಾರಕ್ಕೆ ಸಾಲದಷ್ಟೇ ಉಳಿದಿತ್ತು. ಆಚೆ ದಡದಲ್ಲಿ ಅಕ್ಕಿ ಮುಗಿಯುತ್ತಿದೆ, ಈಚೆ ದಡದಲ್ಲಿ ಮಳೆಗಾಗಿ ಕಾಯುತ್ತಿದ್ದಾರೆ. ಮೈಸೂರಿಗೂ ಬ್ರಿಟಿಷರಿಗೂ ನಾಲ್ಕು ಯುದ್ಧಗಳು, 1767ರಿಂದ ಮೂವತ್ತೆರಡು ವರ್ಷ, ಕೊನೆಗೆ ಬಂದು ನಿಂತದ್ದು ಈ ಹೊಳೆಯ ಮಟ್ಟದ ಮೇಲೆ.

ಇದಾವುದನ್ನೂ ಹುಡುಗ ಹೇಳಲಿಲ್ಲ. ನನ್ನ ದೊಡ್ಡ ದೂರು ಇದೇ. ಹೊಳೆಯ ಮುಂದೆ ನಮ್ಮನ್ನು ಇಪ್ಪತ್ತು ನಿಮಿಷ ನಿಲ್ಲಿಸಿ, ಅಷ್ಟೂ ಹೊತ್ತು ಹೇಳಿದ್ದು ಟಿಪ್ಪುವಿನ ಮಂತ್ರಿ ಮೀರ್ ಸಾದಿಕನ ದ್ರೋಹದ ಕಥೆ. ಸಂಬಳ ಕೊಡುವ ನೆಪದಲ್ಲಿ ಕಾವಲಿನವರನ್ನು ಗೋಡೆಯಿಂದ ಇಳಿಸಿದ, ಕೈಬೀಸಿ ಸನ್ನೆ ಮಾಡಿದ, ಕೊನೆಗೆ ತನ್ನದೇ ಸೈನಿಕರ ಕೈಯಲ್ಲಿ ಸತ್ತ. ಧ್ವನಿ ಏರಿಸಿ, ಇಳಿಸಿ, ನಾಟಕದ ಕಂಪನಿಯವರಿಗೂ ಸರಿಸಾಟಿಯಾಗುವಂತೆ ಹೇಳಿದ. ದ್ರೋಹ ಇತ್ತೋ ಇಲ್ಲವೋ ಎಂಬ ವಾದ ನನಗೆ ಬೇಡ. ಗೋಡೆ ಒಡೆದದ್ದು ದ್ರೋಹದಿಂದಲ್ಲ, ದಿನಗಟ್ಟಲೆ ಒಂದೇ ಜಾಗಕ್ಕೆ ಬಿದ್ದ ಗುಂಡುಗಳಿಂದ. ಪಕ್ಕದಲ್ಲಿದ್ದ ಬೆಂಗಳೂರಿನ ದಂಪತಿ ಮಾತ್ರ ಕಣ್ಣು ಮಿಟುಕಿಸದೆ ಕೇಳಿದರು, ಮಾರುಕಟ್ಟೆಯ ಬೇಡಿಕೆ ಯಾವುದಕ್ಕಿದೆ ಎಂಬುದು ಹುಡುಗನಿಗೆ ಗೊತ್ತಿದೆ.

ಆಮೇಲೆ ಗೋಡೆ ಹತ್ತಿಸಿದರು. ಇಲ್ಲಿಂದ ಅವನು ನಿಜಕ್ಕೂ ಮಿಂಚಿದ. ಬಿರುಕು ಹತ್ತಿದ ದಾಳಿಕೋರರು ಎರಡು ಸಾಲಾಗಿ ಒಡೆದು, ಒಂದು ಉತ್ತರದ ಗೋಡೆಯ ಮೇಲೆ, ಇನ್ನೊಂದು ದಕ್ಷಿಣದ ಗೋಡೆಯ ಮೇಲೆ ಓಡಿ ಪೂರ್ವದಲ್ಲಿ ಸೇರಿದ್ದನ್ನು, ಕೈಯಲ್ಲಿದ್ದ ಪ್ಲಾಸ್ಟಿಕ್ ನಕ್ಷೆಯನ್ನು ನಮ್ಮ ಮುಂದೆ ತಿರುಗಿಸಿ ತಿರುಗಿಸಿ ದಿಕ್ಕು ಹೊಂದಿಸಿ ತೋರಿಸಿದ. ಹೊರಗೋಡೆಯ ಹಿಂದೆ ಇನ್ನೊಂದು ಒಳಕಂದಕ, ಒಳಗೋಡೆ. 1792ರ ಸೋಲಿನ ನಂತರ ಟಿಪ್ಪು ಬಲಪಡಿಸಿದ ರಕ್ಷಣೆ. ಹೊರಗೋಡೆ ಹತ್ತಿದವರಿಗೆ ಎದುರಿಗೆ ನೀರು ತುಂಬಿದ ಕಂದಕ ಕಂಡು ದಿಗಿಲಾಯಿತು. ದಾಟಿದ್ದು ಹೇಗೆ? ಕೆಲಸದಾಳುಗಳು ಓಡಾಡಲು ಉಳಿಸಿಕೊಂಡಿದ್ದ ಒಂದು ಕಿರುದಾರಿಯಿಂದ! ಗುಂಪಿನಲ್ಲಿ ಬೇರೆ ಯಾರೂ ಇದಕ್ಕೆ ಪ್ರತಿಕ್ರಿಯಿಸಲಿಲ್ಲ. ನನಗೆ ಮಾತ್ರ ಹೊಟ್ಟೆಯಲ್ಲಿ ಏನೋ ಆಯಿತು. ಕಾಮಗಾರಿ ಮುಗಿದ ಮೇಲೆ ತಾತ್ಕಾಲಿಕ ಓಡಾಟದ ದಾರಿಯನ್ನು ಕಿತ್ತುಹಾಕಿಸಲು ಗುತ್ತಿಗೆದಾರರ ಹಿಂದೆ ಅಲೆದವರಿಗೆ ಈ ಸಂಕಟ ಗೊತ್ತು. "ನಾಳೆ ಮಾಡಿಸುತ್ತೇನೆ ಮೇಡಂ" ಎಂಬ ಮಾತು ಪರ್ಷಿಯನ್ನಿನಲ್ಲೂ ಇದ್ದಿರಬೇಕು.

ಅಂದು ಬೆಳಿಗ್ಗೆ ಜ್ಯೋತಿಷಿಗಳು ದಿನ ಚೆನ್ನಾಗಿಲ್ಲ ಎಂದದ್ದು, ಟಿಪ್ಪು ಬ್ರಾಹ್ಮಣರಿಗೆ ದಾನ ಕೊಟ್ಟದ್ದು, ಉತ್ತರದ ಗೋಡೆಯ ಬಳಿ ಊಟಕ್ಕೆ ಕುಳಿತಿದ್ದಾಗ ನೆಚ್ಚಿನ ದಳಪತಿ ಸೈಯದ್ ಗಫಾರ್ ಫಿರಂಗಿ ಗುಂಡಿಗೆ ಬಲಿಯಾದ ಸುದ್ದಿ ಬಂದದ್ದು, ಕೈತೊಳೆದು ಎದ್ದದ್ದು, ಇವನ್ನೆಲ್ಲ ನಡೆಯುತ್ತಲೇ ಹೇಳಿದ. ಉತ್ತರದ ಗೋಡೆಗುಂಟ ಪೂರ್ವಕ್ಕೆ ಹಿಂದೆ ಸರಿಯುತ್ತಾ ಕಾದಾಡಿದ ಸುಲ್ತಾನನ ದಾರಿಯಲ್ಲೇ ನಾವೂ ನಡೆದೆವು. ಕೆಲವು ಕಡೆ ಗೋಡೆ ಕುಸಿದಿದೆ, ಮುಳ್ಳುಗಿಡ ಬೆಳೆದಿದೆ, ವಯಸ್ಸಾದವರು ಕೆಳಗಿನ ರಸ್ತೆಯಲ್ಲೇ ಬರುವುದು ಲೇಸು. ಕೋಟೆಯೊಳಗೆ ಹಾದುಹೋಗುವ ರೈಲು ಹಳಿಯನ್ನು ದಾಟುವಾಗ, ಜೋಡಿ ಹಳಿಗಾಗಿ ಟಿಪ್ಪು ಕಾಲದ ಮದ್ದಿನ ಮನೆಯೊಂದನ್ನು 2017ರಲ್ಲಿ ಒಡೆಯದೆ ಇಡಿಯಾಗಿ ಎತ್ತಿ ಪಕ್ಕಕ್ಕೆ ಸರಿಸಿದ ಸಂಗತಿಯನ್ನು ಅವನು ಹೇಳಿದ. ಇದನ್ನು ಕೇಳಿ ಯುದ್ಧದ ಕಥೆಗಿಂತ ಹೆಚ್ಚು ಖುಷಿಪಟ್ಟವಳು ನಾನೊಬ್ಬಳೇ ಇರಬೇಕು.

ಟಿಪ್ಪುವಿನ ಶವ ಸಿಕ್ಕಿದ ಜಾಗದಲ್ಲಿ ಇರುವುದು ಒಂದು ಸಣ್ಣ ಕಟಕಟೆ, ಒಂದು ಕಲ್ಲು, ಅದರ ಮೇಲೆ ಇಂಗ್ಲಿಷ್ ಬರಹ. ರಾತ್ರಿ ದೀಪ ಹಿಡಿದು ಹೆಣಗಳ ರಾಶಿಯಲ್ಲಿ ಹುಡುಕಿದರು. ಇಲ್ಲಿ ಗುಂಪಿನಲ್ಲಿದ್ದ ಒಬ್ಬರು ಇವತ್ತಿನ ರಾಜಕೀಯದ ಜಗಳ ತೆಗೆದರು, ಇನ್ನೊಬ್ಬರು ತೋಳೇರಿಸಿದರು. ಹುಡುಗ ಧ್ವನಿ ಏರಿಸದೆ "ಸರ್, ನಾವು ಇನ್ನೂ ಮೇ ನಾಲ್ಕರ ಸಂಜೆಯಲ್ಲಿದ್ದೇವೆ, ಅಲ್ಲಿಂದ ಮುಂದೆ ಹೋಗುವುದು ಬೇಡ" ಎಂದು ಹೇಳಿ ಮುಂದೆ ನಡೆದ. ಇಬ್ಬರೂ ತೆಪ್ಪಗಾದರು. ಇದೊಂದಕ್ಕೇ ಒಂದು ನಕ್ಷತ್ರ ಹೆಚ್ಚು ಕೊಡುತ್ತೇನೆ.

ಕರ್ನಲ್ ಬೈಲಿಯ ಸೆರೆಮನೆ ಎಲ್ಲರೂ ನೋಡಿರುವ ಜಾಗ, ಹೆಚ್ಚು ಬರೆಯುವುದಿಲ್ಲ. ಕಮಾನಿನ ಚಾವಣಿ, ಕೈದಿಗಳನ್ನು ಬಿಗಿಯಲು ತೂತು ಕೊರೆದ ಕಲ್ಲುಗಳು, ನಡುವೆ ಬಿದ್ದಿರುವ ಫಿರಂಗಿ. ಮೇ ತಿಂಗಳಲ್ಲಿ ಒಳಗೆ ತಂಪು, ನಾವೆಲ್ಲ ಬೇಕೆಂದೇ ತಡಮಾಡಿದೆವು. ಆದರೆ ಒಂದು ಕೊಂಡಿಯನ್ನು ಮಾರ್ಗದರ್ಶಿ ಚೆನ್ನಾಗಿ ಬೆಸೆದ: 1780ರಲ್ಲಿ ಪೊಲ್ಲಿಲೂರಿನಲ್ಲಿ ಮೈಸೂರು ಸೈನ್ಯಕ್ಕೆ ಸೋತ ಬೈಲಿಯ ಬ್ರಿಟಿಷ್ ಪಡೆಯಲ್ಲಿ ಸೆರೆಸಿಕ್ಕಿ ಈ ಊರಿನಲ್ಲಿ ಮೂರು ವರ್ಷಕ್ಕೂ ಮೇಲೆ ಕೊಳೆತವರಲ್ಲಿ ಡೇವಿಡ್ ಬೇರ್ಡ್ ಕೂಡ ಒಬ್ಬ. ಬೈಲಿ ಸೆರೆಯಲ್ಲೇ ಸತ್ತ. ಬೇರ್ಡ್ ಬಿಡುಗಡೆಯಾಗಿ ಹೋಗಿ, ಹದಿನೈದು ವರ್ಷದ ನಂತರ ಗೋಡೆ ಹತ್ತಿ ಬಂದ. ಊರು ಗೆದ್ದವನಿಗೆ ಊರಿನ ಅಧಿಕಾರ ಮಾತ್ರ ಸಿಗಲಿಲ್ಲ. ಮರುದಿನ ಅದನ್ನು ಆರ್ಥರ್ ವೆಲ್ಲೆಸ್ಲಿಗೆ ಕೊಟ್ಟರು. ಅವನ ಅಣ್ಣ ಗವರ್ನರ್ ಜನರಲ್. ಇಲಾಖೆಯಲ್ಲಿ ದುಡಿದ ಯಾರಿಗೂ ಇದನ್ನು ವಿವರಿಸಿ ಹೇಳಬೇಕಾಗಿಲ್ಲ.

ಕೊನೆಯ ಭಾಗಕ್ಕೆ ಆಟೋ ವ್ಯವಸ್ಥೆ ಇದೆ, ಅದು ಶುಲ್ಕದಲ್ಲೇ ಸೇರಿದೆ. ದರಿಯಾ ದೌಲತ್‌ನ ಪಶ್ಚಿಮದ ಗೋಡೆಯಲ್ಲಿ ಪೊಲ್ಲಿಲೂರಿನ ಚಿತ್ರದ ಮುಂದೆ ಅವನು ನಮಗೆ ಸಾಕಷ್ಟು ಹೊತ್ತು ಕೊಟ್ಟ. ಪಲ್ಲಕ್ಕಿಯಲ್ಲಿ ಬೆರಳು ಕಚ್ಚಿಕೊಂಡು ಕುಳಿತ ಬೈಲಿ, ಸಿಡಿಯುತ್ತಿರುವ ಮದ್ದಿನ ಬಂಡಿ, ತಡವಾಗಿ ಬಂದ ನಿಜಾಮನನ್ನು ಹಂಗಿಸಲು ಬರೆದ ಹಸು ಮತ್ತು ಹಂದಿ. ಗೆದ್ದವರ ಕೈಗೆ ಊರು ಬಂದ ಮೇಲೆ ವೆಲ್ಲೆಸ್ಲಿ ವಾಸ ಮಾಡಿದ್ದೂ ಈ ಮನೆಯಲ್ಲೇ. ಅಂದರೆ ತನ್ನವರ ಸೋಲಿನ ಚಿತ್ರವನ್ನು ದಿನವೂ ನೋಡಿಕೊಂಡು ಆತ ಇಲ್ಲಿ ಓಡಾಡಿದ್ದಾನೆ. ಗುಂಬಜ್‌ನಲ್ಲಿ ಮೇ 5ರ ಶವಸಂಸ್ಕಾರ, ಆ ಸಂಜೆಯ ಗುಡುಗು ಸಿಡಿಲು, ಮತ್ತೆ ಮುಕ್ತಾಯ. ಮಳೆ ಒಂದು ದಿನ ತಡವಾಗಿ ಬಂತು ಎಂದು ಹುಡುಗ ಹೇಳಿದಾಗ ನನಗೆ ನಗು ಬಂತು. ಒಂದು ಮುಂಗಾರು ಪೂರ್ವ ಗುಡುಗು ಮಳೆಗೆ ಕಾವೇರಿ ತುಂಬುವುದಿಲ್ಲ ಮಾರಾಯ.

ಎರಡನೆಯ ದೂರು: ಪತನದ ನಂತರದ್ದನ್ನು ಪೂರ್ತಿ ಬಿಟ್ಟಿದ್ದಾರೆ. ರಾತ್ರಿಯಿಡೀ ನಡೆದ ಲೂಟಿ, ಅದನ್ನು ನಿಲ್ಲಿಸಲು ವೆಲ್ಲೆಸ್ಲಿ ಲೂಟಿಕೋರರನ್ನೇ ನೇಣಿಗೆ ಹಾಕಿಸಿದ್ದು, ಹುಲಿ ಸಿಂಹಾಸನವನ್ನು ತುಂಡು ಮಾಡಿ ಹಂಚಿಕೊಂಡದ್ದು, ಜೂನ್ 30ರಂದು ಮೈಸೂರಿನಲ್ಲಿ ಐದು ವರ್ಷದ ಬಾಲಕ ಮುಮ್ಮಡಿ ಕೃಷ್ಣರಾಜ ಒಡೆಯರ್‌ಗೆ ಪಟ್ಟ ಕಟ್ಟಿ ರಾಜಧಾನಿಯನ್ನೇ ಎತ್ತಿಕೊಂಡು ಹೋದದ್ದು. ಮರುವರ್ಷ ಬ್ರಿಟಿಷರಿಗಾಗಿ ಈ ಸೀಮೆಯ ಸಮೀಕ್ಷೆಗೆ ಬಂದ ಬುಕಾನನ್, ಟಿಪ್ಪುವಿನ ಕಾಲದಲ್ಲಿ ಒಂದೂವರೆ ಲಕ್ಷ ಜನರಿದ್ದ ಊರಿನಲ್ಲಿ ಉಳಿದದ್ದು ಸುಮಾರು ಮೂವತ್ತೆರಡು ಸಾವಿರ ಎಂದು ಬರೆದಿದ್ದಾನೆ. ಲಾಲ್ ಮಹಲ್ ಅರಮನೆ ಇದ್ದ ಜಾಗ ದೇವಸ್ಥಾನದ ಬಳಿಯೇ ಇದೆ. ಅದರ ತೊಲೆಗಳು ಊಟಿಯ ಸೇಂಟ್ ಸ್ಟೀಫನ್ ಚರ್ಚಿನ ಚಾವಣಿಯಲ್ಲಿವೆ. ಆ ಖಾಲಿ ಜಾಗದ ಪಕ್ಕದಲ್ಲೇ ಹಾದುಹೋಗಿ ಒಂದು ಮಾತೂ ಹೇಳದಿದ್ದರೆ ಹೇಗೆ? ರಾಜಧಾನಿ ಬೀಳಲು ಒಂದು ಮಧ್ಯಾಹ್ನ ಸಾಕಾಯಿತು, ಊರು ಬರಿದಾಗಲು ವರ್ಷಗಳೇ ಹಿಡಿದವು. ಹುಡುಗನ ಕಥೆಯಲ್ಲಿ ಮೊದಲನೆಯದು ಮಾತ್ರ ಇದೆ.

ಇನ್ನುಳಿದ ಸಣ್ಣಪುಟ್ಟದ್ದು. ತಲೆಗೆ ಎಂಟುನೂರು ರೂಪಾಯಿ, ಪ್ರವೇಶ ಶುಲ್ಕ ಬೇರೆ. ನಾಲ್ಕು ಗಂಟೆಯ ನಡಿಗೆಗೆ ಇದು ದುಬಾರಿಯಲ್ಲ. ಮಧ್ಯೆ ಕೊಡುವ ಮಜ್ಜಿಗೆ ಚೆನ್ನಾಗಿತ್ತು, ಉಪ್ಪು ಶುಂಠಿ ಹದವಾಗಿ. ಗುಂಪು ದೊಡ್ಡದು, ಹಿಂದೆ ಉಳಿದವರಿಗೆ ಮಾತು ಕೇಳಿಸುವುದಿಲ್ಲ, ಒಂದು ಸಣ್ಣ ಧ್ವನಿವರ್ಧಕ ಕೊರಳಿಗೆ ಹಾಕಿಕೊಂಡರೆ ಅದು ಸರಿಹೋಗುತ್ತದೆ. ದಾರಿಯಲ್ಲಿ ಶೌಚಾಲಯ ಎಲ್ಲಿದೆ ಎಂಬುದನ್ನು ಹೆಂಗಸರಿಗೆ ಹೊರಡುವ ಮುನ್ನವೇ ಹೇಳಬೇಕು. ಹತ್ತು ವರ್ಷದೊಳಗಿನ ಮಕ್ಕಳನ್ನು ಮೇ ತಿಂಗಳ ನಡಿಗೆಗೆ ಕರೆದುಕೊಂಡು ಹೋಗಬೇಡಿ, ನವೆಂಬರಿನ ಬೆಳಗಿನ ನಡಿಗೆಗೆ ಕರೆದೊಯ್ಯಿರಿ.

ಐದಕ್ಕೆ ನಾಲ್ಕು. ನನ್ನ ಟಿಪ್ಪಣಿಯನ್ನು ತಂಡಕ್ಕೂ ಕಳಿಸಿದ್ದೇನೆ, ಕಾರ್ನ್‌ವಾಲಿಸನ 1791ರ ಮಳೆಯ ಕಥೆಯನ್ನು ಮೊದಲ ನಿಲುಗಡೆಗೆ ಸೇರಿಸಿಕೊಳ್ಳುವುದಾಗಿ ಉತ್ತರ ಬಂದಿದೆ. ಮೀರ್ ಸಾದಿಕನನ್ನು ಐದು ನಿಮಿಷಕ್ಕೆ ಇಳಿಸುವ ಬಗ್ಗೆ ಮಾತ್ರ ಆ ಉತ್ತರದಲ್ಲಿ ಏನೂ ಇಲ್ಲ.