ವಾದ್ಯದ ಪಟ್ಟಿಗಳ ಮೇಲೆ ಸ್ಟಿಕರ್ ಅಂಟಿಸಿ ಕಲಿಸುವ ಕ್ಲಾಸಿಗೆ ಫೀಸು ಕಟ್ಟುವ ಮುಂಚೆ

ಕೋಲಿನಿಂದ ಬಾರಿಸುವ ಗ್ಲಾಕೆನ್‌ಸ್ಪೀಲ್ (ಲೋಹದ ಪಟ್ಟಿಗಳದ್ದು), ಝೈಲೋಫೋನ್ (ಮರದ ಪಟ್ಟಿಗಳದ್ದು) ಕಲಿಸುವ ಕ್ಲಾಸಿನಲ್ಲಿ ವಾದ್ಯದ ಪಟ್ಟಿಗಳ ಮೇಲೆ ಬಣ್ಣದ ಸ್ಟಿಕರ್ ಅಂಟಿಸಿ ಸಿ, ಡಿ, ಇ ಅಂತಲೋ ಸರಿಗಮ ಅಂತಲೋ ಬರೆದಿದ್ದರೆ ದಯವಿಟ್ಟು ಮಕ್ಕಳನ್ನು ಅಲ್ಲಿಗೆ ಸೇರಿಸಬೇಡಿ.

ಬೆಂಗಳೂರಿನ ಅಂಥದೊಂದು ಕ್ಲಾಸಿನಲ್ಲಿ ವರ್ಷಕ್ಕೂ ಮೇಲ್ಪಟ್ಟು ಕಲಿತ ಹುಡುಗಿಯೊಬ್ಬಳಿಗೆ ಐದಾರು ಹಾಡು ಚೆನ್ನಾಗಿ ಕೈಗೆ ಕೂತಿದ್ದವು. ಶಾಲೆಯ ಮರಿಂಬಾ (ಝೈಲೋಫೋನ್‌ನಂತೆಯೇ ಮರದ ಪಟ್ಟಿಗಳ ದೊಡ್ಡ ವಾದ್ಯ) ಮುಂದೆ ನಿಲ್ಲಿಸಿ ನಾಲ್ಕೇ ಬಾರ್‌ಗಳ (ಬಾರ್ ಅಂದರೆ ನಮ್ಮ ಆವರ್ತದ ಹಾಗೆ ತಾಳದ ಒಂದು ಸುತ್ತು) ಹೊಸ ಸಾಲು ಕೊಟ್ಟರೆ ಮೊದಲ ಸ್ವರವೇ ಅವಳಿಗೆ ಸಿಗಲಿಲ್ಲ. ಸಾಲದ್ದಕ್ಕೆ ಕ್ಲಾಸಿನವರು ಕೊಟ್ಟಿದ್ದ ಗಟ್ಟಿ ಪ್ಲಾಸ್ಟಿಕ್ ತಲೆಯ ಮ್ಯಾಲೆಟ್‌ನಲ್ಲೇ (ಬಾರಿಸುವ ಕೋಲು) ಬಾರಿಸಿ ರೋಸ್‌ವುಡ್ ಪಟ್ಟಿಯೊಂದರ ಮೇಲೆ ಕುಳಿ ಬಿತ್ತು. ಆ ಮ್ಯಾಲೆಟ್ ಮರಿಂಬಾದ ಪಟ್ಟಿಗಲ್ಲ. ಮರಿಂಬಾಕ್ಕೆ ನೂಲು ಸುತ್ತಿದ್ದು ಬೇಕು, ಕೆಳಗಿನ ಸ್ವರಗಳಿಗೆ ಇನ್ನೂ ಮೆತ್ತನೆಯದು. ಮಗುವಿನ ತಪ್ಪು ಇದರಲ್ಲಿ ಏನೂ ಇಲ್ಲ.

ಪಿಯಾನೋ ನುಡಿಸುವವರ ಬೆರಳು ಕೀಲಿಗಳನ್ನು ಮುಟ್ಟಿಕೊಂಡೇ ಇರುತ್ತದೆ. ಕಣ್ಣು ಪುಟದ ಮೇಲಿದ್ದರೂ ಕೈ ತಡವಿಕೊಂಡು ಜಾಗ ಹುಡುಕುತ್ತದೆ. ಇಲ್ಲಿ ಕೈಗೂ ಪಟ್ಟಿಗೂ ನಡುವೆ ಸುಮಾರು ಒಂದಡಿ ಕೋಲಿದೆ, ಮುಟ್ಟಿ ತಿಳಿಯುವ ಹಾಗಿಲ್ಲ. ಹಾಗಾಗಿ ದೃಷ್ಟಿ ಪುಟದಲ್ಲಿ ಬರೆದ ಸ್ವರಲಿಪಿಯ (ನೊಟೇಶನ್) ಮೇಲೆ ನೆಟ್ಟಿರಬೇಕು, ಪಟ್ಟಿಗಳು ಕಣ್ಣಂಚಿನಲ್ಲಿ ಕಾಣಬೇಕು. ಸ್ಟಿಕರ್ ಇದ್ದರೆ ಮಗು ತಲೆ ಬಗ್ಗಿಸಿ ಅಕ್ಷರ ಓದುತ್ತದೆ, ಪುಟವನ್ನು ನೋಡುವುದೇ ಇಲ್ಲ. ಸರಿಗಮ ಬರೆದದ್ದಾದರೆ ಇನ್ನೊಂದು ತೊಡಕು. ಸಿ ಪಟ್ಟಿಗೆ ‘ಸ’ ಅಂಟಿಸಿದ ಮೇಲೆ ಜಿ ಮೇಜರ್‌ನ, ಅಂದರೆ ಜಿ ಸ್ವರವೇ ಆಧಾರವಾದ ಹಾಡು ಬಂದರೆ ಷಡ್ಜ ಎಲ್ಲಿ? ನಮ್ಮಲ್ಲಿ ಶ್ರುತಿ ಬದಲಾದರೆ ‘ಸ’ ಜಾಗ ಬದಲಿಸುತ್ತದೆ, ಪಟ್ಟಿಯ ಸ್ವರ ಬದಲಾಗುವುದಿಲ್ಲ.

ಪಟ್ಟಿಗಳ ಅಗಲದ್ದೂ ಒಂದು ಸಮಸ್ಯೆ. ಮಕ್ಕಳಿಗೆ ಕೊಡುವ 30 ಅಥವಾ 32 ಪಟ್ಟಿಯ ಬೆಲ್ ಕಿಟ್‌ನಲ್ಲಿ (ಅಭ್ಯಾಸಕ್ಕಿರುವ ಸಣ್ಣ ಗ್ಲಾಕೆನ್‌ಸ್ಪೀಲ್) ಅಗಲ ಹೆಚ್ಚುಕಮ್ಮಿ ಒಂದೇ. ಮರಿಂಬಾದಲ್ಲಿ ಎಡಕ್ಕೆ ಹೋದಷ್ಟೂ ಅಗಲ ಜಾಸ್ತಿ, ಒಂದು ಆಕ್ಟೇವ್ (ಒಂದು ಸ್ಥಾಯಿ) ಜಿಗಿಯಲು ಕೈ ಬೇರೆ ಬೇರೆ ದೂರ ಹೋಗಬೇಕು. ಜೊತೆಗೆ ಗ್ಲಾಕೆನ್‌ಸ್ಪೀಲ್ ಬರೆದದ್ದಕ್ಕಿಂತ ಎರಡು ಆಕ್ಟೇವ್ ಮೇಲೆ ನುಡಿಯುತ್ತದೆ, ಝೈಲೋಫೋನ್ ಒಂದು ಆಕ್ಟೇವ್ ಮೇಲೆ, ಮರಿಂಬಾ ಮತ್ತು ವೈಬ್ರಾಫೋನ್ (ಇದೂ ಲೋಹದ ಪಟ್ಟಿಗಳದ್ದೇ) ಬರೆದ ಹಾಗೆಯೇ. ಮರಿಂಬಾಕ್ಕೆ ಬಾಸ್ ಕ್ಲೆಫ್, ಅಂದರೆ ತಗ್ಗಿನ ಸ್ವರಗಳ ಲಿಪಿ ಓದಲೂ ಬರಬೇಕು. ಬ್ರಿಟನ್ನಿನ ಸಂಗೀತ ಪರೀಕ್ಷಾ ಮಂಡಳಿ ಎಬಿಆರ್‌ಎಸ್‌ಎಂನ ಪ್ರಾಕ್ಟಿಕಲ್ ಗ್ರೇಡ್ ಪರೀಕ್ಷೆಯಲ್ಲಿ 150 ಅಂಕಗಳಲ್ಲಿ 21 ಸೈಟ್ ರೀಡಿಂಗ್‌ಗೇ (ಹಿಂದೆ ನೋಡಿರದ ಸಾಲನ್ನು ಓದಿ ನುಡಿಸುವುದು) ಮೀಸಲು. ನುಡಿಸುವ ಮುಂಚೆ ನೋಡಿಕೊಳ್ಳಲು ಸಿಗುವುದು ಅರ್ಧ ನಿಮಿಷ.

ಈಗಾಗಲೇ ಹೀಗೆ ಕಲಿತ ಮಕ್ಕಳನ್ನು ದಾರಿಗೆ ತರಬಹುದು. ಮೊದಲು ಸ್ಟಿಕರ್ ತೆಗೆಯಿರಿ. ಮರದ ಪಟ್ಟಿಗೆ ಥಿನ್ನರ್ ತಾಗಿಸಬೇಡಿ, ಅಂಟನ್ನು ಮೆತ್ತಗಿನ ಬಟ್ಟೆಯಲ್ಲಿ ನಿಧಾನವಾಗಿ ಉಜ್ಜಿ ತೆಗೆಯಿರಿ. ಆಮೇಲೆ ಪಟ್ಟಿಗಳ ಮೇಲಿನ ಸಾಲನ್ನು (ಪಿಯಾನೋದ ಕಪ್ಪು ಕೀಲಿಗಳ ಹಾಗೆ) ಗುರುತಾಗಿ ಹಿಡಿಯುವುದು ಕಲಿಸಿ: ಅಲ್ಲಿ ಪಟ್ಟಿಗಳು ಎರಡು, ಮೂರು, ಎರಡು, ಮೂರು ಎಂದು ಗುಂಪಾಗಿವೆ. ಎರಡರ ಗುಂಪಿನ ಎಡಗಡೆ ಸಿ, ಮೂರರ ಗುಂಪಿನ ಎಡಗಡೆ ಎಫ್. ಇವೆರಡು ಗಟ್ಟಿಯಾದರೆ ಉಳಿದವು ಬೇಗ ಸಿಗುತ್ತವೆ. ಮ್ಯೂಸಿಕ್ ಸ್ಟ್ಯಾಂಡನ್ನು ವಾದ್ಯದ ನಟ್ಟನಡುವೆ, ಮೇಲಿನ ಸಾಲಿಗೆ ತಾಗುವಷ್ಟು ತಗ್ಗಿಸಿಡಿ. ಪಕ್ಕದಲ್ಲೋ ಎತ್ತರದಲ್ಲೋ ಇಟ್ಟರೆ ಪಟ್ಟಿಗಳು ಕಣ್ಣಂಚಿಗೂ ಕಾಣುವುದಿಲ್ಲ.

ದಿನಕ್ಕೊಂದು ಹೊಸ ಸಾಲು, ನಾಲ್ಕು ಬಾರ್ ಸಾಕು. ಸಿ ಯಿಂದ ಜಿ ವರೆಗಿನ ಐದು ಸ್ವರ, ಅಕ್ಕಪಕ್ಕದ ನಡೆ ಮಾತ್ರ. ತಾಳ ಹಿಡಿಯುವ ಮೆಟ್ರೊನೋಮನ್ನು ನಿಮಿಷಕ್ಕೆ 50 ಪೆಟ್ಟಿಗೆ ಇಟ್ಟು, ಎಡ ಬಲ ಕೈ ಬದಲಿಸುತ್ತಾ, ತಪ್ಪಿದರೂ ನಿಲ್ಲದೆ ಮುಂದುವರಿಯಲಿ. ನಿನ್ನೆಯ ಸಾಲನ್ನು ಇವತ್ತು ಮತ್ತೆ ಕೊಡಬೇಡಿ, ಕೊಟ್ಟರೆ ಮಗು ಓದುವ ಬದಲು ನೆನಪಿನಿಂದ ನುಡಿಸುತ್ತದೆ. ಇದು ಸಲೀಸಾದ ಮೇಲೆ ಒಂದು ಸ್ವರ ಬಿಟ್ಟು ಇನ್ನೊಂದಕ್ಕೆ ಹೋಗುವ ಸಾಲು, ಅದಾದ ಮೇಲೆ ದೊಡ್ಡ ಜಿಗಿತ. ಪೆಟ್ಟು ಪಟ್ಟಿಯ ನಡುವೆ ಬೀಳಲಿ. ಪಟ್ಟಿಯನ್ನು ಹಿಡಿದಿಡುವ ದಾರ ಹಾದುಹೋಗುವ ಜಾಗದಲ್ಲಿ ಪಟ್ಟಿ ಅದುರುವುದಿಲ್ಲವಾದ್ದರಿಂದ ಅಲ್ಲಿ ಹೊಡೆದರೆ ಸತ್ತ ನಾದ ಬರುತ್ತದೆ.

ಹೊಸ ಕ್ಲಾಸು ಹುಡುಕುವಾಗ, ಅಲ್ಲಿ ಆರು ತಿಂಗಳಿಂದ ಕಲಿಯುತ್ತಿರುವ ಮಗುವಿಗೆ ಹಿಂದೆಂದೂ ನೋಡಿರದ ಎರಡು ಬಾರ್ ಕೊಟ್ಟು ನುಡಿಸಲು ಹೇಳಿ ಅಂತ ಮೇಷ್ಟ್ರನ್ನು ಕೇಳಿ. ಕಲಿತ ಹಾಡನ್ನೇ ಕೇಳಿಸುತ್ತೇವೆ ಎಂದರೆ ಫೀಸು ಕಟ್ಟದೆ ವಾಪಸ್ ಬನ್ನಿ.