ಆನ್ಯೆಸ್ ವರ್ದಾ: ಮೊದಲು ಯಾವ ಚಿತ್ರ?

ಫ್ರಾನ್ಸಿನ ಸ್ವತಂತ್ರ ನಿರ್ದೇಶಕಿ ಆನ್ಯೆಸ್ ವರ್ದಾ ಅವರ ಆರು ದಶಕ ಮೀರಿದ ವೃತ್ತಿಜೀವನವನ್ನು ಪ್ರವೇಶಿಸಲು ‘ಕ್ಲಿಯೋ ಫ್ರಮ್ 5 ಟು 7’ (1962), ‘ವ್ಯಾಗಬಾಂಡ್’ (1985), ‘ದಿ ಗ್ಲೀನರ್ಸ್ ಅಂಡ್ ಐ’ (2000) ಇವುಗಳಲ್ಲಿ ಯಾವುದು ತಕ್ಕದ್ದೆಂದು ಕೇಳಿದ್ದೀರಿ. ಅವಧಿಯ ದೃಷ್ಟಿಯಿಂದ ಆಯ್ಕೆ ಕಷ್ಟವಲ್ಲ. ಮೂರೂ ಎರಡು ಗಂಟೆಯೊಳಗೆ ಮುಗಿಯುತ್ತವೆ.

ಕಥೆ ಸಲೀಸಾಗಿ ಸಾಗಬೇಕೆನ್ನುವವರಿಗೆ ‘ಕ್ಲಿಯೋ’ ಹೊಂದುತ್ತದೆ. ವೈದ್ಯಕೀಯ ಪರೀಕ್ಷೆಯ ಫಲಿತಾಂಶಕ್ಕಾಗಿ ಕಾಯುತ್ತ ಪ್ಯಾರಿಸ್ಸಿನಲ್ಲಿ ಅಲೆಯುವ ಗಾಯಕಿಯ ಆತಂಕವನ್ನು ಅದು ಹೆಚ್ಚುಕಡಿಮೆ ಗಡಿಯಾರದ ವೇಗದಲ್ಲೇ ಹಿಂಬಾಲಿಸುತ್ತದೆ. ವೆನಿಸ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿಯಾದ ಗೋಲ್ಡನ್ ಲಯನ್ ಪಡೆದ ‘ವ್ಯಾಗಬಾಂಡ್’ ಅಷ್ಟು ಸುಲಭವಲ್ಲ. ಚಳಿಗೆ ಸಿಕ್ಕಿ ಸತ್ತ ಅಲೆಮಾರಿ ಯುವತಿಯ ಕೊನೆಯ ದಿನಗಳನ್ನು, ಅವಳನ್ನು ಕಂಡವರ ಮಾತುಗಳಿಂದ ಜೋಡಿಸುವ ಅದು ನಮಗೆ ಮರುಕಪಡಲೂ ಅವಕಾಶ ಕೊಡುವುದಿಲ್ಲ.

ನಿರ್ದೇಶಕಿಯನ್ನೇ ಹತ್ತಿರದಿಂದ ಕಾಣಬಯಸುವವರಿಗೆ, ಇಲ್ಲವೇ ಕಡಿಮೆ ಖರ್ಚಿನಲ್ಲಿ ಚಿತ್ರ ಮಾಡುವ ಹಂಬಲವಿರುವವರಿಗೆ, ಮೂರನೆಯದು ಒಳ್ಳೆಯದು. ಹಕ್ಕಲಾಯುವವರನ್ನು, ಅಂದರೆ ಕೊಯ್ಲಾದ ಮೇಲೆ ಹೊಲದಲ್ಲಿ ಉಳಿದದ್ದನ್ನು ಆಯ್ದುಕೊಳ್ಳುವವರನ್ನು, ಕುರಿತ ಈ ಸಾಕ್ಷ್ಯಚಿತ್ರದಲ್ಲಿ ವರ್ದಾ ಪುಟ್ಟ ಡಿಜಿಟಲ್ ಕ್ಯಾಮೆರಾವನ್ನು ಒಂದು ಕೈಯಲ್ಲಿ ಹಿಡಿದು, ಸುಕ್ಕುಗಟ್ಟಿದ ತಮ್ಮ ಇನ್ನೊಂದು ಕೈಯನ್ನೇ ಚಿತ್ರಿಸುತ್ತಾರೆ, ಮಾರಾಟಕ್ಕೆ ಸಲ್ಲದೆಂದು ಹೊಲದಲ್ಲಿ ಸುರಿದ ರಾಶಿಯಿಂದ ಹೃದಯಾಕಾರದ ಆಲೂಗಡ್ಡೆಗಳನ್ನು ಆಯ್ದು ಮನೆಗೆ ಒಯ್ಯುತ್ತಾರೆ.

ಮನಸ್ಸು ಕುಗ್ಗಿರುವ ದಿನ ಮಾತ್ರ ‘ವ್ಯಾಗಬಾಂಡ್’ ಬೇಡ.